ಪಾಸ್‌ಪೋರ್ಟಿನ ತಾರೀಖು

ನಮ್ಮ ಕಡೆ ಸರ್ಕಾರದ ಕಾಗದದ ಮೇಲೆ ಒಂದು ತಾರೀಖು ಬಿತ್ತೆಂದರೆ ಅದನ್ನು ಯಾರೂ ಮುಟ್ಟುವ ಹಾಗಿಲ್ಲ ಎಂದೇ ಜನ ತಿಳಿದಿದ್ದಾರೆ. ಹಾಗೆ ತಿಳಿಯಲು ಕಾರಣವೂ ಇದೆ. ಕೋರ್ಟಿನ ತಾರೀಖಿಗೆ ವರ್ಷಗಟ್ಟಲೆ ಅಲೆದವರು, ಸರ್ವೇದವರು ಬರುತ್ತಾರೆಂದು ಬದುವಿನ ಮೇಲೆ ಬಿಸಿಲಲ್ಲಿ ಕೂತವರು, ಬೆಳೆ ವಿಮೆಯ ಕೊನೆಯ ದಿನ ತಪ್ಪಿಸಿಕೊಂಡು ಹಲುಬಿದವರು ಇಲ್ಲಿ ಓಣಿಗೊಬ್ಬರು ಸಿಗುತ್ತಾರೆ. ಅದೇ ಭಯವನ್ನು ಅವರು ಪಾಸ್‌ಪೋರ್ಟಿಗೂ ಹೊತ್ತು ತಂದಿದ್ದಾರೆ. ಹುಬ್ಬಳ್ಳಿಯ ಪಾಸ್‌ಪೋರ್ಟ್ ಸೇವಾ ಕೇಂದ್ರಕ್ಕೆ ಇಂಥ ದಿನ ಇಷ್ಟು ಗಂಟೆಗೆ ಬರಬೇಕೆಂದು ಮೊಬೈಲಿಗೆ ಸಂದೇಶ ಬಂದರೆ ಮುಗಿಯಿತು. ಜ್ವರ ಬರಲಿ, ಮನೆಯಲ್ಲಿ ಸಾವಾಗಲಿ, ಹೊಲದಲ್ಲಿ ಹದ ಬೀಳಲಿ, ಹೋಗಲೇಬೇಕು. ಹೋಗದಿದ್ದರೆ ಕಟ್ಟಿದ ರೊಕ್ಕ ಮುಳುಗಿತು, ಇನ್ನು ಮುಂದೆ ಪಾಸ್‌ಪೋರ್ಟೇ ಸಿಗುವುದಿಲ್ಲ. ಹೀಗೆ ನಂಬಿದವರನ್ನು ನಾನು ರೋಣದಲ್ಲಿ ಕಂಡಿದ್ದೇನೆ, ನರಗುಂದದಲ್ಲಿ ಕಂಡಿದ್ದೇನೆ, ಗಜೇಂದ್ರಗಡದಲ್ಲೂ ಕಂಡಿದ್ದೇನೆ. ಈ ನಂಬಿಕೆ ಸುಳ್ಳು. ಸುಳ್ಳೆಂದು ಒಮ್ಮೆ ಗಟ್ಟಿಯಾಗಿ ಹೇಳಬೇಕೆಂದೇ ಇದನ್ನು ಬರೆಯಲು ಕೂತಿದ್ದೇನೆ.

ನಾನು ರೋಣದ ಹೈಸ್ಕೂಲಿನಲ್ಲಿ ಕಲಿಸಿ ನಿವೃತ್ತಳಾದವಳು. ಊರಿನವರು ಈಗಲೂ ‘ಅಕ್ಕೋರ’ ಎಂದೇ ಕರೆಯುತ್ತಾರೆ. ನನ್ನ ಕೈಯಲ್ಲಿ ಕಲಿತ ಹುಡುಗ ಹುಡುಗಿಯರು ಇಂದು ಎಲ್ಲೆಲ್ಲೋ ಇದ್ದಾರೆ. ಅವರ ಅಪ್ಪ ಅವ್ವಂದಿರು ಮಾತ್ರ ಇಲ್ಲೇ ಇದ್ದಾರೆ. ಮಕ್ಕಳು ಫೋನಿನಲ್ಲಿ “ಅಕ್ಕೋರ ಕಡೆ ಹೋಗಿ ತೋರಸು” ಎನ್ನುತ್ತಾರೆ, ಇವರು ಚೀಲದಲ್ಲಿ ಕಾಗದ ಹಾಕಿಕೊಂಡು ನಮ್ಮ ಪಡಸಾಲೆಗೆ ಬರುತ್ತಾರೆ. ಹೀಗೆ ಬರುವ ಕಾಗದಗಳಲ್ಲಿ ಪಾಸ್‌ಪೋರ್ಟಿನವೇ ಈಚೆಗೆ ಹೆಚ್ಚು.

ಯಾರು ಮಾಡಿಸುತ್ತಾರೆ ನಮ್ಮಲ್ಲಿ ಪಾಸ್‌ಪೋರ್ಟು? ಮಗಳ ಬಾಣಂತನಕ್ಕೆ ಹೊರಟ ತಾಯಂದಿರು ಮಾಡಿಸುತ್ತಾರೆ. ಹಜ್ ಯಾತ್ರೆಗೆಂದು ಜೀವಮಾನವೆಲ್ಲ ರೊಕ್ಕ ಕೂಡಿಟ್ಟ ಮುದುಕ ಮುದುಕಿಯರು ಮಾಡಿಸುತ್ತಾರೆ. ಗಜೇಂದ್ರಗಡದಲ್ಲಿ ಮಗ್ಗದ ಸಪ್ಪಳ ಕೇಳುತ್ತ ಬೆಳೆದು, ಅದರಲ್ಲಿ ಹೊಟ್ಟೆ ತುಂಬುವುದಿಲ್ಲವೆಂದು ಕೊಲ್ಲಿ ದೇಶದ ಕೆಲಸ ಹುಡುಕುವ ಹುಡುಗರು ಮಾಡಿಸುತ್ತಾರೆ. ಎಂಜಿನಿಯರಿಂಗ್ ಕೊನೆಯ ವರ್ಷದ ಹುಡುಗಿಯರು ಕಂಪನಿ ಕೇಳಿತೆಂದು ಮಾಡಿಸುತ್ತಾರೆ. ಭೀಮಸೇನ ಜೋಶಿಯವರು 1922ರಲ್ಲಿ ಹುಟ್ಟಿದ್ದು ನಮ್ಮ ರೋಣದಲ್ಲಿ. ಹಾಡು ಕಲಿಯಬೇಕೆಂದು ಎಳೆ ವಯಸ್ಸಿನಲ್ಲೇ ಮನೆ ಬಿಟ್ಟು ಗ್ವಾಲಿಯರ್‌ವರೆಗೆ ಹೋದವರು ಅವರು. ಈ ಎರೆ ನೆಲದ ಜನ ದೂರ ಹೋಗಲು ಎಂದೂ ಅಂಜಿದವರಲ್ಲ. ಅವರು ಅಂಜುವುದು ಕಚೇರಿಗೆ.

ಈಗ ನಿಯಮ ಏನಿದೆಯೋ ಅದನ್ನು ನೇರವಾಗಿ ಹೇಳಿಬಿಡುತ್ತೇನೆ. ಪಾಸ್‌ಪೋರ್ಟ್ ಸೇವಾ ಜಾಲತಾಣದಲ್ಲಿ ಅರ್ಜಿ ತುಂಬಿ, ಶುಲ್ಕ ಕಟ್ಟಿ, ದಿನ ಹಿಡಿದ ಮೇಲೆ ಆ ದಿನವನ್ನು ಬದಲಿಸಬಹುದು, ಇಲ್ಲವೇ ಪೂರ್ತಿ ರದ್ದು ಮಾಡಬಹುದು. ಮೊದಲು ಸಿಕ್ಕ ದಿನದಿಂದ ಒಂದು ವರ್ಷದೊಳಗೆ ಮೂರು ಸಲದವರೆಗೆ ಇದಕ್ಕೆ ಅವಕಾಶವಿದೆ. ದೊಡ್ಡವರ 36 ಪುಟದ ಸಾಧಾರಣ ಪಾಸ್‌ಪೋರ್ಟಿಗೆ ಕಟ್ಟುವ 1500 ರೂಪಾಯಿ ವಾಪಸು ಬರುವುದಿಲ್ಲ ನಿಜ, ಆದರೆ ಕಟ್ಟಿದ ದಿನದಿಂದ ಒಂದು ವರ್ಷ ಅದು ಜೀವಂತವಾಗಿರುತ್ತದೆ. ದಿನ ಬದಲಿಸಿದ್ದಕ್ಕೆ ದಂಡವಿಲ್ಲ. ಯಾಕೆ ಬದಲಿಸಿದಿರಿ ಎಂದು ಕೇಂದ್ರದಲ್ಲಿ ಯಾರೂ ನಿಮ್ಮನ್ನು ನಿಲ್ಲಿಸಿ ವಿಚಾರಿಸುವುದಿಲ್ಲ. ರದ್ದು ಮಾಡಿದರೂ ಅರ್ಜಿ ಹಾಗೇ ಇರುತ್ತದೆ, ಸಮಾಧಾನವಾಗಿ ಮುಂದೆ ಯಾವಾಗಲೋ ಮತ್ತೆ ದಿನ ಹಿಡಿಯಬಹುದು. ಬದಲಿಸುವುದೆಂದರೆ ಅಲ್ಲೇ, ಆಗಲೇ ಇನ್ನೊಂದು ದಿನ ಆರಿಸಿಕೊಳ್ಳುವುದು. ಇಷ್ಟೇ ವ್ಯತ್ಯಾಸ. ಯಾವ ದಿನ ಬಿಡುವಾಗುತ್ತದೆಂದು ಗೊತ್ತಿದ್ದರೆ ಬದಲಿಸಬೇಕು, ಗೊತ್ತಿಲ್ಲದಿದ್ದರೆ ರದ್ದು ಮಾಡಬೇಕು. ಬರಿದೇ ಒಂದು ದಿನ ಆರಿಸಿ ಆ ದಿನವೂ ಹೋಗಲಾಗದೆ ಮತ್ತೆ ಬದಲಿಸುತ್ತ ಹೋದರೆ ಮೂರು ಅವಕಾಶ ನೋಡುನೋಡುತ್ತ ತೀರಿಹೋಗುತ್ತವೆ.

ಮೊನ್ನೆ ನಮ್ಮ ಓಣಿಯ ಒಬ್ಬ ತಂಗಿ ಬಂದಳು. ಬಾಗಿಲಲ್ಲೇ ಕಣ್ಣೊರೆಸಿಕೊಂಡಳು. ಅತ್ತೆ ತೀರಿಕೊಂಡು ಮೂರು ದಿನವಾಗಿತ್ತು. ಮಗಳು ದೂರದ ದೇಶದಲ್ಲಿ ಬಸುರಿ.

“ಅಕ್ಕೋರ, ಬುಧವಾರ ಅತ್ತಿಯವರ ಗಣಾರಾಧನಿ ಐತ್ರಿ. ಅವತ್ತ ಹುಬ್ಬಳ್ಳ್ಯಾಗ ನಂದು ಪಾಸ್‌ಪೋರ್ಟಿನ ಡೇಟ್ ಐತಿ. ಮನಿ ಹಿರೇಸೊಸಿ ನಾ, ಗಣಾರಾಧನಿ ಬಿಟ್ಟು ಹ್ಯಾಂಗ ಹೋಗ್ಲಿ? ಹೋಗಲಿಲ್ಲಂದ್ರ ಮಗಳ ಬಾಣಂತನಾ ಯಾರ ಮಾಡೋರು?”

“ಡೇಟ್ ಬದ್ಲಿ ಮಾಡೋಣವಾ. ಅದಕ್ಯಾಕ ಅಳ್ತಿ?”

“ಬದ್ಲಿ ಮಾಡಾಕ ಬರ್ತೈತ್ರಿ?”

ಆ ಪ್ರಶ್ನೆ ಕೇಳಿದಾಗ ಅವಳ ಮುಖದಲ್ಲಿದ್ದದ್ದು ಬರೀ ಆಶ್ಚರ್ಯವಲ್ಲ. ಇಷ್ಟು ದೊಡ್ಡ ಕಚೇರಿ ನನ್ನ ಮನೆಯ ಸಾವನ್ನು ಲೆಕ್ಕಕ್ಕೆ ಹಿಡಿಯುತ್ತದೆಯೇ ಎಂಬ ಅನುಮಾನ ಅದರಲ್ಲಿತ್ತು. ಕೂಡಿಸಿ ನೀರು ಕೊಟ್ಟೆ. ಲ್ಯಾಪ್‌ಟಾಪ್ ತೆಗೆದೆ. ಅರ್ಜಿಯ ರಸೀದಿಯನ್ನು ಅವಳು ಅಡುಗೆಮನೆಯ ಡಬ್ಬಿಯೊಳಗೆ ಮಡಚಿಟ್ಟಿದ್ದಳು, ಹಾಗಾಗಿ ಅದಕ್ಕೆ ಅರಿಸಿನದ ಘಮ ಹತ್ತಿತ್ತು. ಅದರ ತಲೆಯ ಮೇಲೆ ಎಆರ್‌ಎನ್ ಎಂಬ ಅರ್ಜಿ ಸಂಖ್ಯೆ. ಲಾಗಿನ್ ಆಗಿ ಒಳಗೆ ಹೋದರೆ ಉಳಿಸಿದ ಮತ್ತು ಸಲ್ಲಿಸಿದ ಅರ್ಜಿಗಳ ಪಟ್ಟಿ ಬರುತ್ತದೆ. ಅದರಲ್ಲಿ ಆ ಸಂಖ್ಯೆಯ ಅರ್ಜಿಯನ್ನು ಆರಿಸಿದರೆ ‘ರೀಶೆಡ್ಯೂಲ್ ಅಪಾಯಿಂಟ್‌ಮೆಂಟ್’, ‘ಕ್ಯಾನ್ಸಲ್ ಅಪಾಯಿಂಟ್‌ಮೆಂಟ್’ ಎಂಬ ಎರಡೂ ಅಲ್ಲಿಯೇ ಕಾಣುತ್ತವೆ. ಮೊದಲನೆಯದನ್ನು ಒತ್ತಿದೆ. ಖಾಲಿ ಇದ್ದ ದಿನ ತೋರಿಸಿತು. ಅವಳು ಬೆರಳು ಮಡಚಿ ಎಣಿಸಿದಳು, ಗಣಾರಾಧನೆ ಮುಗಿದು ಬೀಗರೆಲ್ಲ ಊರಿಗೆ ಮರಳಿದ ಮೇಲೆ ಬರುವ ಸೋಮವಾರ ಆಗಬಹುದೆಂದಳು. ಸೋಮವಾರವೇ ಸಿಕ್ಕಿತು. ಅವಳ ಕೈಯಲ್ಲಿದ್ದ ಫೋನು ಟಿಣ್ ಎಂದಿತು. ಹೊಸ ದಿನದ ಸಂದೇಶ.

“ಇಷ್ಟ ಏನ್ರಿ?” ಎಂದಳು.

ಇಷ್ಟೇ. ಆ ಸಂದೇಶವನ್ನು ಅಳಿಸದೆ ಇಟ್ಟುಕೋ ಎಂದೆ. ಕಾಗದದ ಪ್ರತಿ ತರಲೇಬೇಕೆಂಬ ಕಟ್ಟು ಈಗಿಲ್ಲ, ಮೊಬೈಲಿಗೆ ಬಂದ ಸಂದೇಶ ತೋರಿಸಿದರೆ ಸಾಕು. ಹದಿನೈದು ನಿಮಿಷ ಮೊದಲು ಬಾಗಿಲಲ್ಲಿರಬೇಕು ಅಷ್ಟೇ. ಒಳಗೆ ಟೋಕನ್ ಕೊಡುತ್ತಾರೆ. ಎ ಕೌಂಟರಿನಲ್ಲಿ ಕಾಗದ ಸ್ಕ್ಯಾನ್ ಮಾಡಿ ಫೋಟೋ, ಬೆರಳಚ್ಚು ತೆಗೆದುಕೊಳ್ಳುತ್ತಾರೆ. ಬಿ ಕೌಂಟರಿನಲ್ಲಿ ಪಾಸ್‌ಪೋರ್ಟ್ ಕಚೇರಿಯ ಅಧಿಕಾರಿ ಪರಿಶೀಲಿಸುತ್ತಾರೆ. ಸಿ ಕೌಂಟರಿನಲ್ಲಿ ಕೊಡುವುದೋ ಬಿಡುವುದೋ ತೀರ್ಮಾನ. ಆಮೇಲೆ ಪೊಲೀಸ್ ವಿಚಾರಣೆ, ಕೊನೆಗೆ ಸ್ಪೀಡ್ ಪೋಸ್ಟಿನಲ್ಲಿ ಮನೆಗೆ ಪುಸ್ತಕ. ಅವಳು ಎಲ್ಲವನ್ನೂ ಎರಡೆರಡು ಸಲ ಕೇಳಿ ಎದ್ದಳು. ನಾನು ಮಾಡಿದ್ದು ನಾಲ್ಕು ಸಲ ಬೆರಳು ಒತ್ತುವ ಕೆಲಸ. ಅದಕ್ಕಾಗಿ ಮೂರು ರಾತ್ರಿ ಆ ಹೆಣ್ಣುಮಗಳು ನಿದ್ದೆಗೆಟ್ಟಿದ್ದಳಲ್ಲ, ಅದು ನನಗೆ ತಡೆಯಲಾಗಲಿಲ್ಲ. ಅತ್ತೆಯ ಸಾವಿಗೆ ಅಳಬೇಕಾದ ಹೊತ್ತಿನಲ್ಲಿ ಅವಳು ಕಚೇರಿಯ ತಾರೀಖಿಗೆ ಅತ್ತಿದ್ದಳು.

ದಿನ ಬದಲಿಸಬೇಕಾದ ಕಾರಣಗಳು ನಮ್ಮ ಮೂರು ತಾಲೂಕುಗಳಲ್ಲಿ ಬೇರೆಯೇ ಇವೆ. ಪಟ್ಟಣದವರಿಗೆ ರಜೆ ಸಿಗದಿರುವುದು ಕಾರಣವಾದರೆ ನಮಗೆ ಮಳೆ ಬಂದದ್ದು ಕಾರಣ. ಎರೆ ಹೊಲದಲ್ಲಿ ಹಿಂಗಾರಿ ಬಿತ್ತನೆಯ ಹದ ಕೆಲವೇ ದಿನ ನಿಲ್ಲುತ್ತದೆ. ಹದ ಹಾರಿತೆಂದರೆ ಬಿಳಿಜೋಳವೂ ಇಲ್ಲ, ಕಡಲೆಯೂ ಇಲ್ಲ, ಆ ವರ್ಷದ ಅನ್ನವೇ ಹೋದ ಹಾಗೆ. ಗಂಡ ಹೆಂಡತಿ ಇಬ್ಬರಿಗೂ ಒಂದೇ ದಿನ ಹುಬ್ಬಳ್ಳಿಗೆ ಬರಲು ಹೇಳಿರುತ್ತದೆ, ಅದೇ ಹೊತ್ತಿಗೆ ಕೂರಿಗೆ ಹೂಡಬೇಕಾಗಿರುತ್ತದೆ. ಶ್ರಾವಣದಲ್ಲಿ ಹೆಸರು ಬಿಡಿಸುವಾಗಲೂ ಅದೇ ಕಥೆ. ಒಂದು ದಿನ ತಡವಾಗಿ ಮಳೆ ಹಿಡಿದರೆ ಕಾಯಿ ಗಿಡದಲ್ಲೇ ಮೊಳೆಯುತ್ತದೆ. ಇಂಥ ದಿನ ಹೊಲ ಬಿಟ್ಟು ಹೋಗು ಎಂದು ನಾನು ಯಾರಿಗೂ ಹೇಳಲಾರೆ. ಹೇಳಬೇಕಾದ ಅಗತ್ಯವೂ ಇಲ್ಲ, ಯಾಕೆಂದರೆ ಹದ ತನ್ನ ತಾರೀಖು ಬದಲಿಸುವುದಿಲ್ಲ, ಪಾಸ್‌ಪೋರ್ಟಿನದು ಬದಲಾಗುತ್ತದೆ.

ನೀರು ಇನ್ನೊಂದು. ಬೆಣ್ಣೆಹಳ್ಳದ ಹೆಸರು ಕೇಳಿದ ಹೊರಗಿನವರು ಅದೊಂದು ಸಣ್ಣ ಹಳ್ಳವೆಂದು ತಿಳಿಯುತ್ತಾರೆ. ಹುಬ್ಬಳ್ಳಿಯ ಆಚೆ ಮಳೆ ಸುರಿದರೆ ಇಲ್ಲಿ ಒಂದು ಹನಿ ಬೀಳದಿದ್ದರೂ ಅದು ಉಕ್ಕಿ ಬರುತ್ತದೆ. ಯಾವಗಲ್ ಹತ್ತಿರ ಸೇತುವೆಯ ಮೇಲೆ ನೀರು ಹತ್ತಿತೆಂದರೆ ರೋಣ ಮತ್ತು ನರಗುಂದದ ನಡುವಿನ ದಾರಿ ಬಂದ್. 2019ರ ಆಗಸ್ಟಿನಲ್ಲಿ ನವಿಲುತೀರ್ಥ ಅಣೆಕಟ್ಟಿನಿಂದ ನೀರು ಬಿಟ್ಟಾಗ ಮಲಪ್ರಭೆ ನರಗುಂದ ತಾಲೂಕಿನ ಕೊಣ್ಣೂರಿಗೆ ನುಗ್ಗಿತ್ತು, ನಮ್ಮ ಹೊಳೆಆಲೂರಿಗೂ ನುಗ್ಗಿತ್ತು. ಜನ ಮನೆ ಬಿಟ್ಟು ಗಂಜಿ ಕೇಂದ್ರ ಸೇರಿದ್ದರು. ಕಾಗದಪತ್ರ ನೆನೆದು ಮುದ್ದೆಯಾಗಿದ್ದವು. ಆಧಾರ್ ಕಾರ್ಡನ್ನು ಬಿಸಿಲಿಗೆ ಒಣಹಾಕಿದ್ದನ್ನು ನಾನೇ ನೋಡಿದ್ದೇನೆ. ಅಂಥ ವಾರದಲ್ಲಿ ಹುಬ್ಬಳ್ಳಿಯ ತಾರೀಖು ಇದ್ದವರ ಸಂಕಟವನ್ನು ಊಹಿಸಿ.

ಮೂರನೆಯದು ಹೋರಾಟ. ನರಗುಂದದ ಮಣ್ಣಿಗೆ ಅದು ಹೊಸದಲ್ಲ. 1980ರ ಜುಲೈ 21ರಂದು ಅಲ್ಲಿ ರೈತರ ಮೇಲೆ ಗೋಲಿಬಾರ್ ಆಯಿತು. ಇಂದಿಗೂ ಪ್ರತಿ ವರ್ಷ ಆ ದಿನ ಹುತಾತ್ಮರ ವೀರಗಲ್ಲಿಗೆ ಮಾಲೆ ಹಾಕಲು ಸುತ್ತಲಿನ ಊರುಗಳಿಂದ ರೈತರು ಬರುತ್ತಾರೆ. ಮಹದಾಯಿ ನೀರಿಗಾಗಿ 2015ರ ಜುಲೈನಲ್ಲಿ ನರಗುಂದದಲ್ಲಿ ಧರಣಿ ಶುರುವಾಯಿತು. 2016ರ ಜುಲೈ 27ರಂದು ನ್ಯಾಯಮಂಡಳಿ ರಾಜ್ಯದ ಮಧ್ಯಂತರ ಅರ್ಜಿಯನ್ನು ತಳ್ಳಿಹಾಕಿದಾಗ ನವಲಗುಂದ, ನರಗುಂದ, ಹುಬ್ಬಳ್ಳಿ ಎಲ್ಲ ಹೊತ್ತಿ ಉರಿದವು. ಬಸ್ಸು ಬಂದ್, ರಸ್ತೆ ಬಂದ್. ಜುಲೈ 30ಕ್ಕೆ ಕರ್ನಾಟಕ ಬಂದ್. 2018ರ ಜನವರಿ 25ಕ್ಕೆ ಮತ್ತೆ ಅದೇ ಬೇಡಿಕೆಗೆ ಕರ್ನಾಟಕ ಬಂದ್. ಆ ದಿನಗಳಲ್ಲಿ ಇಲ್ಲಿಂದ ಹುಬ್ಬಳ್ಳಿ ಮುಟ್ಟುವ ಮಾತೇ ಇರಲಿಲ್ಲ. ನೀರು ಕೇಳಲು ಬೀದಿಗಿಳಿದವರ ಮನೆಯಲ್ಲೂ ಪಾಸ್‌ಪೋರ್ಟಿನ ಅರ್ಜಿ ಇರುತ್ತದೆ, ಅವರ ಮಕ್ಕಳೂ ಹೊರದೇಶಕ್ಕೆ ಹೊರಟಿರುತ್ತಾರೆ. ದಿನ ಬದಲಿಸುವ ಹಕ್ಕು ಇಂಥವರಿಗಾಗಿಯೇ ಇದೆ ಎಂದು ನನಗೆ ಅನ್ನಿಸುತ್ತದೆ.

ದಾರಿಯೂ ಸಣ್ಣದಲ್ಲ. ನರಗುಂದದವರಿಗೆ ನವಲಗುಂದದ ಮೇಲೆ ನೇರ ಹೆದ್ದಾರಿ ಇದೆ, ಒಂದೂವರೆ ತಾಸಿನಲ್ಲಿ ಮುಟ್ಟಬಹುದು. ರೋಣದವರು ಗದಗಿನ ಮೇಲೆ ಸುತ್ತಿ ಹೋಗಬೇಕು. ಗಜೇಂದ್ರಗಡದವರಿಗೆ ನೂರು ಕಿಲೋಮೀಟರು ದಾಟುತ್ತದೆ. ಮುಂಜಾನೆ ಒಂಬತ್ತೂವರೆಯ ಹೊತ್ತು ಸಿಕ್ಕಿತೆಂದರೆ ನಸುಕಿನ ಬಸ್ಸಿಗೆ ಏಳಬೇಕು, ಮಕ್ಕಳನ್ನು ಎಬ್ಬಿಸಬೇಕು, ರೊಟ್ಟಿ ಕಟ್ಟಿಕೊಳ್ಳಬೇಕು. ನಾಲ್ಕು ವರ್ಷದೊಳಗಿನ ಕೂಸಾದರೆ ಬಿಳಿ ಹಿನ್ನೆಲೆಯ ಫೋಟೋ ಮರೆಯದೆ ಇಟ್ಟುಕೊಳ್ಳಬೇಕು, ಅಂಥ ಕೂಸುಗಳ ಫೋಟೋವನ್ನು ಮನೆಯಿಂದಲೇ ಒಯ್ಯಬೇಕಾಗುತ್ತದೆ. ಕೂಸಿಗೆ ರಾತ್ರಿಯೆಲ್ಲ ಕೆಮ್ಮಿದ್ದರೆ ಆ ಪ್ರಯಾಣ ಬೇಡ. ದಿನ ಮುಂದೂಡಿ. ಎಪ್ಪತ್ತು ದಾಟಿದ ಕಾಕಾ ಒಬ್ಬರು ಸಕ್ಕರೆ ಕಾಯಿಲೆಯಿಂದ ಕಾಲು ಬಾತಿದ್ದರೂ ಹಟ ಹಿಡಿದು ಹೋದರು. ಬಂದ ಮೇಲೆ ವಾರವಿಡೀ ಮಲಗಿದರು. “ತಪ್ಪಿಸಿದ್ರ ಏನರ ಅಂತಾರಂತ ಹೋದ್ನವಾ” ಎಂದರು. ಯಾರೂ ಏನೂ ಅನ್ನುತ್ತಿರಲಿಲ್ಲ.

ಹಳೆಯ ಕಾಲಕ್ಕೆ ಹೋಲಿಸಿದರೆ ಇದು ಎಷ್ಟೋ ಹಗುರವಾಗಿದೆ ಎಂಬುದನ್ನೂ ಹೇಳಬೇಕು. ಮೊದಲು ಎಲ್ಲಕ್ಕೂ ಬೆಂಗಳೂರು. ಪಾಸ್‌ಪೋರ್ಟ್ ಸೇವಾ ಯೋಜನೆಯ ಪ್ರಯೋಗ 2010ರಲ್ಲಿ ಶುರುವಾದಾಗ ಕೇಂದ್ರ ಸಿಕ್ಕ ಮೊದಲ ಊರುಗಳಲ್ಲಿ ಹುಬ್ಬಳ್ಳಿಯೂ ಒಂದು. 2017ರ ಜನವರಿಯಲ್ಲಿ ಮೈಸೂರಿನ ಅಂಚೆ ಕಚೇರಿಯಿಂದ ಆರಂಭಿಸಿ ಅಂಚೆ ಕಚೇರಿಗಳಲ್ಲೂ ಕೇಂದ್ರ ತೆರೆಯುತ್ತ ಬಂದರು. 2018ರಿಂದ ದೇಶದ ಯಾವ ಊರಿನಿಂದ ಬೇಕಾದರೂ ಅರ್ಜಿ ಹಾಕಬಹುದು, ಪುಣೆಯಲ್ಲಿ ಕೆಲಸದಲ್ಲಿರುವ ರೋಣದ ಹುಡುಗ ಅದಕ್ಕಾಗಿ ಊರಿಗೆ ಬರಬೇಕಿಲ್ಲ. ಇಷ್ಟೆಲ್ಲ ಹಗುರವಾದರೂ ದಿನ ಬದಲಿಸಬಹುದೆಂಬ ಸಣ್ಣ ಸುದ್ದಿ ಮಾತ್ರ ಹಳ್ಳಿಗೆ ಬಂದು ಮುಟ್ಟಿಲ್ಲ.

ಕಾಗದಪತ್ರದ ವಿಷಯಕ್ಕೆ ಬರುತ್ತೇನೆ. ದಿನ ಬದಲಿಸಲು ಇರುವ ಕಾರಣಗಳಲ್ಲಿ ಅತ್ಯಂತ ಯೋಗ್ಯವಾದದ್ದು ಇದೇ ಎಂದು ನನ್ನ ಅಭಿಪ್ರಾಯ. ನಮ್ಮ ಭಾಗದಲ್ಲಿ ಹೆಸರೆಂದರೆ ತನ್ನ ಹೆಸರು, ತಂದೆಯ ಹೆಸರು, ಅಡ್ಡಹೆಸರು. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಅಡ್ಡಹೆಸರು ಮೊದಲು, ಆಧಾರ್‌ನಲ್ಲಿ ಕೊನೆಗೆ, ಪಾನ್ ಕಾರ್ಡಿನಲ್ಲಿ ತನ್ನ ಹೆಸರಿನ ಜೊತೆ ತಂದೆಯ ಹೆಸರು ಸೇರಿಲ್ಲ. ಒಂದು ಕಡೆ ಹೊಸಮನಿ, ಇನ್ನೊಂದು ಕಡೆ ಹೊಸಮನೆ. ಹುಟ್ಟಿದ ಊರಿನದು ಇನ್ನೊಂದು ತೊಡಕು. ಗದಗ ಜಿಲ್ಲೆ ಆದದ್ದು 1997ರಲ್ಲಿ, ಅದಕ್ಕೆ ಮೊದಲು ಹುಟ್ಟಿದವರ ಕಾಗದದಲ್ಲಿ ಧಾರವಾಡ ಜಿಲ್ಲೆ. ಗಜೇಂದ್ರಗಡ ಬೇರೆ ತಾಲೂಕಾದದ್ದು ತೀರ ಈಚೆಗೆ, ಹಾಗಾಗಿ ಅಲ್ಲಿಯವರ ಹಳೆಯ ಕಾಗದದಲ್ಲೆಲ್ಲ ರೋಣ ತಾಲೂಕು, ಹೊಸದರಲ್ಲಿ ಗಜೇಂದ್ರಗಡ ತಾಲೂಕು. ನರೇಗಲ್, ಸೂಡಿಯವರಿಗೂ ಇದೇ ಪಾಡು. ಊರು ಅಲ್ಲೇ ಇದೆ, ಕಾಗದದಲ್ಲಿ ಮಾತ್ರ ಜಿಲ್ಲೆ, ತಾಲೂಕು ಎರಡೂ ಬದಲಾಗಿವೆ. ಜನ ಇದನ್ನು ಕಂಡು ಗಾಬರಿಯಾಗುತ್ತಾರೆ.

ಗಾಬರಿಯಲ್ಲೇ ಹೋದರೆ ಕೌಂಟರಿನಲ್ಲಿ ಕೇಳಿದ್ದಕ್ಕೆ ಉತ್ತರ ಹೊಳೆಯುವುದಿಲ್ಲ, ಬೇಕಾದ ಕಾಗದ ಚೀಲದಲ್ಲಿರುವುದಿಲ್ಲ, ಮತ್ತೊಮ್ಮೆ ಬರಲು ಹೇಳುತ್ತಾರೆ. ಅದಕ್ಕಿಂತ ಎರಡು ದಿನ ಮೊದಲೇ ಕಾಗದಗಳನ್ನು ಹಾಸಿಗೆಯ ಮೇಲೆ ಹರವಿ ಸಾಲಾಗಿ ನೋಡಿ. ಹೆಸರು, ಹುಟ್ಟಿದ ದಿನ, ವಿಳಾಸ ಮೂರೂ ಕೂಡುತ್ತವೆಯೇ ಎಂದು ಬೆರಳಿಟ್ಟು ಓದಿ. ಕೂಡದಿದ್ದರೆ ದಿನ ಮುಂದೆ ಹಾಕಿ ಆಧಾರ್ ತಿದ್ದಿಸಿ. ಅನುಮಾನ ಬಂದರೆ 1800-258-1800ಕ್ಕೆ ಉಚಿತವಾಗಿ ಫೋನು ಮಾಡಿ ಕೇಳಬಹುದು. 2023ರ ಅಕ್ಟೋಬರ್ 1ರಂದು ಅಥವಾ ಆಮೇಲೆ ಹುಟ್ಟಿದ ಕೂಸುಗಳಿಗೆ ಜನನ ಪ್ರಮಾಣಪತ್ರವೇ ಬೇಕು, ಹುಟ್ಟಿದ ದಿನಕ್ಕೆ ಬೇರೆ ಆಧಾರ ನಡೆಯುವುದಿಲ್ಲ. ಅದು ಕೈಗೆ ಬಂದಿಲ್ಲವೆಂದರೆ ಬರುವ ತನಕ ಕಾಯಿರಿ. ಇಲ್ಲದ ಕಾಗದ ಕೇಳುವ ಕೌಂಟರಿನ ಮುಂದೆ ನಿಲ್ಲಲು ನೂರು ಕಿಲೋಮೀಟರು ಹೋಗಬೇಡಿ.

ನನಗೆ ಎಲ್ಲಕ್ಕಿಂತ ಬೇಸರ ತರಿಸುವ ಸಂಗತಿ ಇನ್ನೊಂದಿದೆ. ದಿನ ಬದಲಿಸಬಹುದೆಂದು ಗೊತ್ತಿದ್ದರೂ ಎಷ್ಟೋ ಜನರಿಗೆ ಬದಲಿಸಲು ಆಗುವುದಿಲ್ಲ, ಯಾಕೆಂದರೆ ಅರ್ಜಿಯ ಕೀಲಿ ಅವರ ಕೈಯಲ್ಲಿಲ್ಲ. ಅರ್ಜಿ ತುಂಬಿದವರು ಬೇರೆ ಯಾರೋ. ಇ-ಮೇಲ್ ಅವರದು, ಪಾಸ್‌ವರ್ಡ್ ಅವರಿಗೆ ಮಾತ್ರ ಗೊತ್ತು, ಮೊಬೈಲ್ ನಂಬರೂ ಕೆಲವು ಸಲ ಅವರದೇ. ದಿನ ಬದಲಾದ ಸಂದೇಶ ಬಂದರೂ ಅವರ ಫೋನಿಗೆ ಬರುತ್ತದೆ. ಗಜೇಂದ್ರಗಡದ ಒಬ್ಬ ಹುಡುಗ ಹೀಗೆ ಸಿಕ್ಕಿಬಿದ್ದ. ಅವನ ದಿನ ಪರೀಕ್ಷೆಯ ದಿನವೇ ಬಂದಿತ್ತು. ಅರ್ಜಿ ತುಂಬಿಕೊಟ್ಟವನು ಊರು ಬಿಟ್ಟು ಹೋಗಿದ್ದ, ಫೋನು ಎತ್ತುತ್ತಿರಲಿಲ್ಲ. ಹುಡುಗ ಪರೀಕ್ಷೆ ಬರೆದ, ಪಾಸ್‌ಪೋರ್ಟಿನ ದಿನ ಹೋಯಿತು, ಮೂರು ಅವಕಾಶಗಳಲ್ಲಿ ಒಂದನ್ನೂ ಬಳಸಲಾಗಲಿಲ್ಲ. ಕೊನೆಗೆ ಹೊಸದಾಗಿ ಅರ್ಜಿ ಹಾಕಿ ಮತ್ತೆ 1500 ಕಟ್ಟಿದ. ನೇಕಾರನ ಮನೆಯಲ್ಲಿ 1500 ರೂಪಾಯಿ ಎಂದರೆ ಏನೆಂದು ನಾನು ವಿವರಿಸಬೇಕಿಲ್ಲ.

ಕಂಪ್ಯೂಟರ್ ಅಂಗಡಿಗಳನ್ನು ಬಯ್ಯಲು ಈ ಮಾತು ಹೇಳುತ್ತಿಲ್ಲ. ಅವು ಇಲ್ಲದಿದ್ದರೆ ನಮ್ಮ ಅರ್ಧ ಜನಕ್ಕೆ ಸರ್ಕಾರದ ಬಾಗಿಲೇ ತೆರೆಯುತ್ತಿರಲಿಲ್ಲ. ಪಹಣಿಯಿಂದ ಹಿಡಿದು ಪಿಂಚಣಿಯವರೆಗೆ ಅವರೇ ತುಂಬಿಕೊಡುತ್ತಾರೆ, ಹೊತ್ತಲ್ಲದ ಹೊತ್ತಿನಲ್ಲೂ ಬೇಸರಿಸದೆ ಕೂಡುತ್ತಾರೆ. ಆದರೆ ಲಾಗಿನ್ ಐಡಿ, ಪಾಸ್‌ವರ್ಡ್ ಎರಡನ್ನೂ ಒಂದು ಚೀಟಿಯಲ್ಲಿ ಬರೆದು ಅರ್ಜಿದಾರರ ಕೈಗೆ ಕೊಡುವುದು ಅವರ ಕೆಲಸದ ಭಾಗವಾಗಬೇಕು. ಅರ್ಜಿದಾರರೂ ಅದನ್ನು ಕೇಳಿ ಪಡೆಯಬೇಕು. ಮೊಬೈಲ್ ನಂಬರು ಮನೆಯದೇ ಇರಬೇಕು. ಇನ್ನು ಪಾಸ್‌ಪೋರ್ಟಿನ ಹೆಸರಿನಲ್ಲಿ ಖೊಟ್ಟಿ ಜಾಲತಾಣಗಳೂ ಇವೆ. ವಿದೇಶಾಂಗ ಸಚಿವಾಲಯವೇ ಎಚ್ಚರಿಕೆ ಕೊಟ್ಟಿದೆ. ದಿನ ಬದಲಿಸಿಕೊಡುತ್ತೇವೆ, ಇಷ್ಟು ಕಳಿಸಿ ಎಂದು ಯಾರಾದರೂ ಕೇಳಿದರೆ ಅಲ್ಲೇ ನಿಲ್ಲಿಸಿಬಿಡಿ. ದಿನ ಬದಲಿಸಲು ಸರ್ಕಾರ ರೊಕ್ಕ ಕೇಳುವುದಿಲ್ಲ. ಸರ್ಕಾರದ ತಾಣದ ವಿಳಾಸ ಕೊನೆಗೆ ‘ಜಿಒವಿ ಡಾಟ್ ಇನ್’ ಎಂದೇ ಮುಗಿಯುತ್ತದೆ.

ಕಚೇರಿಯೂ ತನ್ನ ದಿನಗಳನ್ನು ಬದಲಿಸುತ್ತದೆ. 2020ರ ಮಾರ್ಚಿನಲ್ಲಿ ಕೊರೊನಾ ಲಾಕ್‌ಡೌನ್ ಬಂದಾಗ ದೇಶದ ಕೇಂದ್ರಗಳೆಲ್ಲ ಮುಚ್ಚಿ, ಹಿಡಿದಿದ್ದ ದಿನಗಳೆಲ್ಲ ಮುಂದೆ ಹೋದವು. 2024ರ ಆಗಸ್ಟ್ 29ರ ರಾತ್ರಿ ತಾಂತ್ರಿಕ ದುರಸ್ತಿಗೆಂದು ಪಾಸ್‌ಪೋರ್ಟ್ ಜಾಲತಾಣವನ್ನೇ ನಿಲ್ಲಿಸಿದರು. ಆಗಸ್ಟ್ 30ಕ್ಕೆ ಇದ್ದ ಅಪಾಯಿಂಟ್‌ಮೆಂಟುಗಳನ್ನು ಇಲಾಖೆಯೇ ಬೇರೆ ದಿನಕ್ಕೆ ಹಾಕಿ ಸಂದೇಶ ಕಳಿಸಿತು. ಯಂತ್ರದ ದುರಸ್ತಿ ಸಾಕಷ್ಟು ದೊಡ್ಡ ಕಾರಣವಾದರೆ ಅತ್ತೆಯ ಗಣಾರಾಧನೆ, ಬಿತ್ತನೆಯ ಹದ, ಕೂಸಿನ ಜ್ವರ ಅದಕ್ಕಿಂತ ಸಣ್ಣ ಕಾರಣಗಳಲ್ಲ. ನಾವು ತಲೆ ತಗ್ಗಿಸಬೇಕಾದದ್ದು ಇದರಲ್ಲಿ ಏನೂ ಇಲ್ಲ.

ತಲೆ ತಗ್ಗಿಸಬೇಕಾದದ್ದು ಹೋಗಲಾಗುವುದಿಲ್ಲವೆಂದು ಗೊತ್ತಿದ್ದೂ ಸುಮ್ಮನೆ ಕೂಡುವುದು. ಮಲಪ್ರಭೆಯ ಕಾಲುವೆ ನೀರಿನ ಪಾಳಿ ನಮ್ಮ ರೈತರಿಗೆಲ್ಲ ಗೊತ್ತು. ನನ್ನ ಪಾಳಿಯ ದಿನ ನನಗೆ ನೀರು ಬೇಡವಾದರೆ ತೂಬು ತಿರುವಿ ಪಕ್ಕದವನ ಹೊಲಕ್ಕೆ ಬಿಡುತ್ತೇನೆ, ಹಳ್ಳಕ್ಕೆ ಹರಿಯಲು ಬಿಡುವುದಿಲ್ಲ. ಪಾಸ್‌ಪೋರ್ಟ್ ಕೇಂದ್ರದಲ್ಲಿ ದಿನಕ್ಕೆ ಇಂತಿಷ್ಟೇ ಜನ ಎಂದು ಲೆಕ್ಕವಿರುತ್ತದೆ. ನಾನು ರದ್ದು ಮಾಡಿದ ಹೊತ್ತು ಇನ್ನೊಬ್ಬರಿಗೆ ಸಿಗುತ್ತದೆ. ಸುಮ್ಮನೆ ಹೋಗದೆ ಉಳಿದರೆ ಆ ಹೊತ್ತು ಯಾರಿಗೂ ದಕ್ಕದೆ ಕಳೆದುಹೋಗುತ್ತದೆ. ಅದೇ ಹೊತ್ತಿಗಾಗಿ ರಾತ್ರಿ ಹಗಲು ಜಾಲತಾಣ ನೋಡುತ್ತ ಕೂತ ಒಬ್ಬ ಹುಡುಗ ಮುಂಡರಗಿಯಲ್ಲೋ ಶಿರಹಟ್ಟಿಯಲ್ಲೋ ಇರುತ್ತಾನೆ. ಅವನ ಕೆಲಸದ ಕರೆ ಕೈಬಿಟ್ಟು ಹೋಗುತ್ತಿರುತ್ತದೆ. ನಾವು ಒತ್ತುವ ಒಂದು ಗುಂಡಿಯಿಂದ ಅವನ ದಾರಿ ತೆರೆಯುತ್ತದೆ. ನಾನು ಕಲಿಸಿದ ಮಕ್ಕಳಿಗೆ ನಾಗರಿಕ ಕರ್ತವ್ಯದ ಪಾಠ ಎಷ್ಟೋ ಮಾಡಿದ್ದೇನೆ. ಅವುಗಳ ಸಾಲಿನಲ್ಲಿ ಇದನ್ನೂ ಸೇರಿಸಬೇಕೆಂದು ಈಗ ಅನ್ನಿಸುತ್ತದೆ.

ಕಚೇರಿಯವರಲ್ಲಿ ನನ್ನದೊಂದು ಬಿನ್ನಹ. ದಿನ ಗೊತ್ತಾದಾಗ ಬರುವ ಸಂದೇಶದ ಕೊನೆಯಲ್ಲಿ ‘ಈ ದಿನ ಬರಲಾಗದಿದ್ದರೆ ಮೂರು ಸಲದವರೆಗೆ ಬದಲಿಸಬಹುದು’ ಎಂದು ಒಂದು ಸಾಲು ಕನ್ನಡದಲ್ಲಿ ಹಾಕಿರಿ. ಆ ಒಂದು ಸಾಲಿನಿಂದ ಎಷ್ಟು ಮನೆಗಳ ನಿದ್ದೆ ಉಳಿಯುತ್ತದೆಂದು ನಮ್ಮ ಪಡಸಾಲೆಯಲ್ಲಿ ಒಂದು ವಾರ ಕೂತವರಿಗೆ ತಿಳಿಯುತ್ತದೆ. ಗ್ರಾಮ ಪಂಚಾಯಿತಿಯ ಗೋಡೆಯ ಮೇಲೂ ಅದನ್ನು ಬರೆಸಬಹುದು.

ಇನ್ನು ದೂರದಲ್ಲಿರುವ ನನ್ನ ವಿದ್ಯಾರ್ಥಿಗಳಿಗೆ ಎರಡು ಮಾತು. ನೀವು ಅಲ್ಲಿ ಕೂತು ಅಪ್ಪ ಅವ್ವನ ಅರ್ಜಿ ತುಂಬುತ್ತೀರಿ, ಮೊದಲು ಸಿಕ್ಕ ದಿನವನ್ನೇ ಹಿಡಿದುಬಿಡುತ್ತೀರಿ. ಅದಕ್ಕೆ ಮೊದಲು ಒಂದು ಫೋನು ಮಾಡಿ. ಹೊಲದಲ್ಲಿ ಏನು ನಡೆದಿದೆ, ಊರ ಜಾತ್ರೆ ಯಾವಾಗ, ಬೀಗರ ಮನೆಯಲ್ಲಿ ಕಾರ್ಯ ಇದೆಯೇ, ಅವ್ವನ ಮಂಡಿನೋವು ಹೇಗಿದೆ ಎಂದು ಕೇಳಿ. ಕೇಳಿದ ಮೇಲೆ ದಿನ ಹಿಡಿಯಿರಿ. ಅರ್ಜಿಯಲ್ಲಿ ಅವರದೇ ಮೊಬೈಲ್ ನಂಬರು ಹಾಕಿ, ಪಾಸ್‌ವರ್ಡನ್ನು ಅವರ ಕೈಗೂ ಕೊಡಿ. ಇಷ್ಟಾದ ಮೇಲೂ ಹೋಗಲಾಗದ ದಿನ ಬಂದರೆ ಹಿಂದಿನ ದಿನವೇ ಅದನ್ನು ಬದಲಿಸಿ ಅಥವಾ ರದ್ದು ಮಾಡಿ. ನಿಮಗೆ ಬಿಡುವಿಲ್ಲದಿದ್ದರೆ ಅವರನ್ನು ನನ್ನ ಹತ್ತಿರ ಕಳಿಸಿ. ಮುಂಜಾನೆ ಹತ್ತರ ಮೇಲೆ ನಾನು ಮನೆಯಲ್ಲೇ ಇರುತ್ತೇನೆ.